ಮನೆಯಲ್ಲೇ ಬಿಗ್ ಮ್ಯಾಕ್: ಎರಡು ತೆಳು ಪ್ಯಾಟಿ, ಮೂರು ತುಂಡು ಬನ್, ಒಂದು ಬಟ್ಟಲು ಸಾಸ್

ಮೊದಲ ಸಲ ಮನೆಯಲ್ಲಿ ಬಿಗ್ ಮ್ಯಾಕ್, ಅಂದರೆ ಮೆಕ್‌ಡೊನಾಲ್ಡ್ಸ್‌ನ ಎರಡಂತಸ್ತಿನ ಬರ್ಗರ್, ಮಾಡಲು ಹೊರಟಾಗ ನಾನು ಕೈಬಿಚ್ಚಿ ಖರ್ಚು ಮಾಡಿದೆ. ಒಳ್ಳೆಯ ಮಾಂಸ, ಹಳೆಯ ಚೆಡ್ಡರ್ ಚೀಸ್, ಬೆಣ್ಣೆ ಹಾಕಿದ ದುಬಾರಿ ಬನ್. ಪ್ಯಾಟಿಯನ್ನು, ಅಂದರೆ ಕೀಮಾದ ಬಿಲ್ಲೆಯನ್ನು, ಹೆಬ್ಬೆರಳಿನಷ್ಟು ದಪ್ಪ ತಟ್ಟಿದೆ. ಇರಲಿ ಅಂತ ಟೊಮ್ಯಾಟೊ ಬಿಲ್ಲೆಯನ್ನೂ ಸೇರಿಸಿದೆ. ಬರ್ಗರ್ ಗೋಪುರದ ಹಾಗೆ ಎದ್ದು ನಿಂತಿತು. ಮೊದಲ ತುತ್ತಿಗೇ ನಡುವಿನ ಬನ್ ಹಿಂದಿನಿಂದ ಜಾರಿ ತಟ್ಟೆಗೆ ಬಿತ್ತು. ಸಾಸ್ ಮೊಣಕೈವರೆಗೆ ಇಳಿಯಿತು. ರುಚಿ ಕೆಟ್ಟದ್ದೇನಿರಲಿಲ್ಲ. ಆದರೆ ಅದು ಬಿಗ್ ಮ್ಯಾಕ್ ಅಂತೂ ಅಲ್ಲ.

ತಪ್ಪು ಎಲ್ಲಿದೆ ಅಂತ ಗೊತ್ತಾಗಲು ಇನ್ನೂ ನಾಲ್ಕೈದು ಸಲ ಬೇಕಾಯಿತು. ಈ ಬರ್ಗರ್‌ನಲ್ಲಿ ಮಾಂಸ ನಾಯಕನೇ ಅಲ್ಲ. ಪ್ಯಾಟಿ ಎಷ್ಟು ತೆಳು, ಸಾಸ್ ಎಷ್ಟು ಹುಳಿ-ಸಿಹಿ, ಯಾವುದರ ಮೇಲೆ ಯಾವುದು ಕೂತಿದೆ ಅನ್ನುವುದರಲ್ಲೇ ಎಲ್ಲ ಇದೆ. ಬಿಡಿಬಿಡಿಯಾಗಿ ತಿಂದರೆ ಇದರ ಒಂದೊಂದು ವಸ್ತುವೂ ಸಾಧಾರಣ. ದುಬಾರಿ ಸಾಮಾನು ತಂದರೆ ಇದು ಹಾಳಾಗುತ್ತದೆ. ಹೀಗೆ ಹೇಳಬಹುದಾದ ಅಡುಗೆ ಎಷ್ಟಿವೆ ಹೇಳಿ?

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಮೂಲ ಬಿಗ್ ಮ್ಯಾಕ್ ಬೀಫ್‌ನಿಂದ ಮಾಡುವ ತಿನಿಸು. ಹಾಗಾಗಿ ಇಲ್ಲಿನ ಅಳತೆಗಳು ಬೀಫ್‌ಗೆ. ಬೀಫ್ ತಿನ್ನದವರಿಗೆ ಚಿಕನ್, ಕುರಿ, ಕಾಳು ಬಳಸುವ ದಾರಿ ಕೊನೆಯಲ್ಲಿದೆ. ಉಳಿದ ಹಂತಗಳು ಎಲ್ಲರಿಗೂ ಒಂದೇ.

ಇದು ಎಲ್ಲಿಂದ ಬಂತು

ಇತಿಹಾಸ ಬೇಡ, ಅಡುಗೆ ಹೇಳಿ ಅನ್ನುವವರು ಈ ಭಾಗ ದಾಟಿಕೊಳ್ಳಿ. ಆದರೆ ನಡುವಿನ ಬನ್ ಯಾಕಿದೆ ಅನ್ನುವ ಉತ್ತರ ಇಲ್ಲೇ ಇದೆ.

ಜಿಮ್ ಡೆಲ್ಲಿಗಟ್ಟಿ ಅನ್ನುವವರು ಅಮೆರಿಕದ ಪೆನ್ಸಿಲ್ವೇನಿಯಾದಲ್ಲಿ ಮೆಕ್‌ಡೊನಾಲ್ಡ್ಸ್ ಫ್ರಾಂಚೈಸಿ ಅಂಗಡಿಗಳನ್ನು ನಡೆಸುತ್ತಿದ್ದರು. ಅದು ಕಲ್ಲಿದ್ದಲು, ಉಕ್ಕಿನ ಸೀಮೆ. ದಿನವಿಡೀ ಕುಲುಮೆಯ ಮುಂದೆ ದುಡಿದು ಬಂದವರಿಗೆ ಸಣ್ಣ ಹ್ಯಾಂಬರ್ಗರ್ ಯಾವ ಮೂಲೆಗೂ ಸಾಲುತ್ತಿರಲಿಲ್ಲ. ಹೊಟ್ಟೆ ತುಂಬುವಂಥ ದೊಡ್ಡದೊಂದು ಬೇಕು ಅಂತ ಡೆಲ್ಲಿಗಟ್ಟಿ ಕಂಪನಿಯ ಹಿಂದೆ ಬಿದ್ದರು. ಕಂಪನಿಗೆ ಅಷ್ಟು ಮನಸ್ಸಿರಲಿಲ್ಲ. ಕೊನೆಗೆ ಅಂಗಡಿಯಲ್ಲಿ ಈಗಾಗಲೇ ಇರುವ ಸಾಮಾನಿನಲ್ಲೇ ಮಾಡಿ ಅಂತ ಒಪ್ಪಿಗೆ ಸಿಕ್ಕಿತು. ಆದರೆ ಮಾಮೂಲಿ ಬನ್ನಿನಲ್ಲಿ ಎರಡು ಪ್ಯಾಟಿ, ಅಷ್ಟು ಸಾಸ್ ನಿಲ್ಲಲಿಲ್ಲ. ನನ್ನ ತಟ್ಟೆಯಲ್ಲಿ ಆದದ್ದೇ ಅಲ್ಲೂ ಆಯಿತು. ಆಗ ಅವರು ಎಳ್ಳು ಹಚ್ಚಿದ ದೊಡ್ಡ ಬನ್ ತರಿಸಿ ಮೂರು ಭಾಗ ಮಾಡಿದರು. ನಡುವಿನ ತುಂಡು ಮೇಲಿನ ಅಂತಸ್ತಿನ ಸಾಸನ್ನು ಹೀರಿಕೊಂಡು ಎರಡು ಅಂತಸ್ತನ್ನೂ ಹಿಡಿದಿಡುತ್ತದೆ. ಅದು ಅಲಂಕಾರಕ್ಕೆ ಇಟ್ಟದ್ದಲ್ಲ.

1967ರಲ್ಲಿ ಯೂನಿಯನ್‌ಟೌನ್ ಅನ್ನುವ ಊರಿನ ಅಂಗಡಿಯಲ್ಲಿ ಇದು ಮಾರಾಟಕ್ಕೆ ಬಂತು. ಬೆಲೆ 45 ಸೆಂಟ್. ಮರುವರ್ಷ, 1968ರಲ್ಲಿ, ಅಮೆರಿಕದ ಉದ್ದಗಲಕ್ಕೂ ಬಂತು. ಶುರುವಿನಲ್ಲಿ ಅರಿಸ್ಟೊಕ್ರಾಟ್, ಬ್ಲೂ ರಿಬ್ಬನ್ ಬರ್ಗರ್ ಅಂತೆಲ್ಲ ಹೆಸರಿಟ್ಟು ನೋಡಿದ್ದರು. ಯಾವುದೂ ನಿಲ್ಲಲಿಲ್ಲ. ಬಿಗ್ ಮ್ಯಾಕ್ ಅನ್ನುವ ಹೆಸರು ಕೊಟ್ಟವರು ಕಂಪನಿಯ ಜಾಹೀರಾತು ವಿಭಾಗದಲ್ಲಿ ಕಾರ್ಯದರ್ಶಿಯಾಗಿದ್ದ 21 ವರ್ಷದ ಎಸ್ತರ್ ಗ್ಲಿಕ್‌ಸ್ಟೀನ್ ರೋಸ್.

ಎರಡಂತಸ್ತಿನ ಬರ್ಗರ್ ಅದಕ್ಕಿಂತ ಹಳೆಯದು. ಕ್ಯಾಲಿಫೋರ್ನಿಯಾದ ಗ್ಲೆಂಡೇಲ್‌ನಲ್ಲಿ ಬಾಬ್ ವಿಯಾನ್ 1930ರ ದಶಕದಲ್ಲೇ ಬಿಗ್ ಬಾಯ್ ಅನ್ನುವ ಎರಡಂತಸ್ತಿನ ಬರ್ಗರ್ ಮಾರುತ್ತಿದ್ದರು. ಡೆಲ್ಲಿಗಟ್ಟಿ ಕೂಡ ಇದು ಬಲ್ಬ್ ಕಂಡುಹಿಡಿದ ಹಾಗಲ್ಲ, ಬಲ್ಬ್ ಇತ್ತು, ನಾನು ಸಾಕೆಟ್‌ಗೆ ತಿರುಗಿಸಿದೆ ಅಷ್ಟೇ ಅನ್ನುವ ಅರ್ಥದ ಮಾತು ಹೇಳಿದ್ದರು. ಅವರು 2016ರಲ್ಲಿ 98ನೇ ವಯಸ್ಸಿನಲ್ಲಿ ತೀರಿಕೊಂಡರು.

2007ರಲ್ಲಿ ಅವರ ಕುಟುಂಬ ಪಿಟ್ಸ್‌ಬರ್ಗ್ ಹತ್ತಿರದ ನಾರ್ತ್ ಹಂಟಿಂಗ್‌ಡನ್‌ನಲ್ಲಿ ಬಿಗ್ ಮ್ಯಾಕ್ ಮ್ಯೂಸಿಯಂ ಅಂತಲೇ ಒಂದು ಅಂಗಡಿ ತೆರೆಯಿತು. ಆಳಿಗಿಂತ ಎತ್ತರದ ಬಿಗ್ ಮ್ಯಾಕ್ ಪ್ರತಿಮೆ ಅಲ್ಲಿದೆ. ಪೆನ್ ಹಿಲ್ಸ್‌ನ ವೆಂಕಟೇಶ್ವರ ದೇವಸ್ಥಾನಕ್ಕೆ ಹೋಗಿಬರುವ ಕನ್ನಡಿಗರು ಬಹಳ ಜನ ಅಲ್ವಾ? ಅಲ್ಲಿಂದ ಕಾರಿನಲ್ಲಿ ಹೆಚ್ಚು ದೂರವೇನಿಲ್ಲ. ಗುಡಿಯ ಪುಳಿಯೋಗರೆ ತಿಂದ ಬಾಯಲ್ಲೇ ಈ ಪ್ರತಿಮೆಯ ಮುಂದೆ ನಿಲ್ಲುವುದು ಸ್ವಲ್ಪ ವಿಚಿತ್ರ ಅನುಭವ.

ಬೇಕಾಗುವ ಏಳು

ವಸ್ತುಗಳನ್ನು ನೆನಪಿಡುವುದು ಕಷ್ಟವಲ್ಲ. 1970ರ ದಶಕದ ಜಾಹೀರಾತೊಂದು ಇವನ್ನೇ ಒಂದೇ ಉಸಿರಿನಲ್ಲಿ ಹಾಡಿಸಿ ಅಮೆರಿಕದ ಮಕ್ಕಳಿಗೆಲ್ಲ ಬಾಯಿಪಾಠ ಮಾಡಿಸಿತ್ತು. ಎರಡು ಪ್ಯಾಟಿ, ಸಾಸ್, ಲೆಟ್ಯೂಸ್, ಚೀಸ್, ಉಪ್ಪಿನಕಾಯಿ ಸೌತೆ, ಈರುಳ್ಳಿ, ಎಳ್ಳಿನ ಬನ್. ಟೊಮ್ಯಾಟೊ ಇಲ್ಲ. ಕೆಚಪ್ ಇಲ್ಲ. ಬೇಕನ್ ಇಲ್ಲ. ಇವುಗಳಲ್ಲಿ ಯಾವುದನ್ನು ಸೇರಿಸಿದರೂ ಅದು ಬೇರೆ ಬರ್ಗರ್.

ಮುಂದಿನ ಅಳತೆ ನಾಲ್ಕು ಬರ್ಗರ್‌ಗೆ. ಸಾಸ್ ಹಿಂದಿನ ರಾತ್ರಿ ಮಾಡಿಡಿ. ತಿನ್ನುವುದಕ್ಕೆ ಒಂದೂವರೆ ಗಂಟೆ ಮೊದಲು ಈರುಳ್ಳಿ, ಒಂದು ಗಂಟೆ ಮೊದಲು ಪ್ಯಾಟಿ. ಒಲೆಯ ಕೆಲಸ ಹತ್ತು ಹನ್ನೆರಡು ನಿಮಿಷ ಮಾತ್ರ. ಆ ಹನ್ನೆರಡು ನಿಮಿಷದಲ್ಲಿ ಫೋನ್ ಎತ್ತಬೇಡಿ.

ಹಂತ 1: ಸಾಸ್

ಗುಟ್ಟಿನ ಸಾಸ್ ಅಂತ ಜಗತ್ತೆಲ್ಲ ಕತೆ ಕಟ್ಟಿತ್ತು. 2012ರಲ್ಲಿ ಕಂಪನಿಯ ಮುಖ್ಯ ಬಾಣಸಿಗ ಡ್ಯಾನ್ ಕೂಡ್ರೋ, ಮೆಕ್‌ಡೊನಾಲ್ಡ್ಸ್ ಕೆನಡಾ ಹೊರತಂದ ವಿಡಿಯೊದಲ್ಲಿ, ಮನೆಯ ಅಡುಗೆಮನೆಯಲ್ಲೇ ನಿಂತು ಇದನ್ನು ಕಲಸಿ ತೋರಿಸಿದರು. ಮೇಯನೇಸ್, ಸಿಹಿ ಸೌತೆ ರೆಲಿಶ್ (ಸಣ್ಣಗೆ ಹೆಚ್ಚಿದ ಸಿಹಿ-ಹುಳಿ ಸೌತೆ), ಹಳದಿ ಸಾಸಿವೆ, ಬಿಳಿ ವೈನ್ ವಿನೆಗರ್, ಬೆಳ್ಳುಳ್ಳಿ ಪುಡಿ, ಈರುಳ್ಳಿ ಪುಡಿ, ಪ್ಯಾಪ್ರಿಕಾ (ಖಾರ ಕಡಿಮೆಯ ಕೆಂಪು ಮೆಣಸಿನ ಪುಡಿ). ಅಷ್ಟೇ. ಆದರೂ ಇದರಲ್ಲಿ ಕೆಚಪ್ ಇದೆ ಅಂತ ಇವತ್ತಿಗೂ ವಾದ ಮಾಡುವವರು ಸಿಗುತ್ತಾರೆ. ಕಿತ್ತಳೆ ಬಣ್ಣ ನೋಡಿ ಮೋಸ ಹೋಗುವುದು. ಅಂಗಡಿಯ ಸಾಸ್‌ನಲ್ಲಿ ಬಣ್ಣಕ್ಕೆ ಪ್ಯಾಪ್ರಿಕಾ ಸಾರದ ಜೊತೆ ಅರಿಶಿನವೂ ಇದೆ. ನಮ್ಮ ಅರಿಶಿನವೇ.

ಅಳತೆ ಇದು:

ಮೇಯನೇಸ್, ಅರ್ಧ ಕಪ್
ಸಿಹಿ ಸೌತೆ ರೆಲಿಶ್, 2 ದೊಡ್ಡ ಚಮಚ (ಮನೆಯಲ್ಲೇ ಮಾಡುವ ಬಗೆ ಹಂತ 2ರಲ್ಲಿದೆ)
ಹಳದಿ ಸಾಸಿವೆ ಪೇಸ್ಟ್, 2 ಟೀ ಚಮಚ
ಬಿಳಿ ವಿನೆಗರ್, 1 ಟೀ ಚಮಚ
ಬೆಳ್ಳುಳ್ಳಿ ಪುಡಿ, ಈರುಳ್ಳಿ ಪುಡಿ, ಪ್ಯಾಪ್ರಿಕಾ, ತಲಾ ಅರ್ಧ ಟೀ ಚಮಚ

ಎಲ್ಲವನ್ನೂ ಬಟ್ಟಲಿಗೆ ಹಾಕಿ ಚಮಚದಲ್ಲಿ ಕಲಸಿ. ಮಿಕ್ಸಿಗೆ ಹಾಕಬೇಡಿ, ರೆಲಿಶ್‌ನ ಸಣ್ಣ ತುಂಡುಗಳು ಬಾಯಿಗೆ ಸಿಗಬೇಕು. ಈಗಲೇ ನೆಕ್ಕಿ ನೋಡಿದರೆ ಒಂದೊಂದು ರುಚಿಯೂ ಬೇರೆಬೇರೆ ನಿಂತಿರುತ್ತದೆ. ಬೆಳ್ಳುಳ್ಳಿ ಒಂದು ಕಡೆ, ವಿನೆಗರ್ ಇನ್ನೊಂದು ಕಡೆ. ಮುಚ್ಚಿ ಫ್ರಿಜ್‌ನಲ್ಲಿಡಿ. ರಾತ್ರಿ ಕಳೆಯುವುದರೊಳಗೆ ಒಣ ಪುಡಿಗಳು ನೆನೆದು ಬಿಟ್ಟುಕೊಳ್ಳುತ್ತವೆ, ಎಲ್ಲ ಒಂದಾಗುತ್ತದೆ. ಅವಸರ ಇದ್ದರೆ ಎರಡು ಗಂಟೆಯಾದರೂ ಬಿಡಿ.

ಹಸಿ ಬೆಳ್ಳುಳ್ಳಿ ಜಜ್ಜಿ ಹಾಕಿದರೆ ಇನ್ನೂ ಚೆನ್ನಾಗಿರುತ್ತದೆ ಅಂತ ಅನಿಸಬಹುದು. ನನಗೂ ಅನಿಸಿತ್ತು. ಇಲ್ಲ. ಹಸಿಯದು ಖಾರ ಹೊಡೆಯುತ್ತದೆ, ಮರುದಿನ ಇನ್ನೂ ಜಾಸ್ತಿ. ಪುಡಿಯ ಮಂದ ರುಚಿಯೇ ಇಲ್ಲಿ ಬೇಕಾದದ್ದು. ಸಾಸಿವೆಯ ವಿಷಯವೂ ಹೀಗೇ. ಬಂಗಾಳದ ಕಾಸುಂದಿಯಂಥ ಮೂಗಿಗೇರುವ ಸಾಸಿವೆ ಬೇಡ. ಅಮೆರಿಕನ್ ಹಳದಿ ಸಾಸಿವೆ ಬಿಳಿ ಸಾಸಿವೆಯಿಂದ ಮಾಡಿದ್ದು, ಘಾಟು ಕಡಿಮೆ. ಪ್ಯಾಪ್ರಿಕಾ ಸಿಗದಿದ್ದರೆ ಬ್ಯಾಡಗಿ ಮೆಣಸಿನ ಪುಡಿ ಕಾಲು ಚಮಚ ಹಾಕಿ. ಬಣ್ಣ ಚೆನ್ನಾಗಿ ಬರುತ್ತದೆ, ಖಾರ ಅತಿಯಾಗುವುದಿಲ್ಲ. ಇಲ್ಲೂ ಬಣ್ಣಕ್ಕೇ ಹಾಕುವುದು, ಖಾರಕ್ಕಲ್ಲ.

ಹಂತ 2: ಸೌತೆ

ಬರ್ಗರ್‌ನಲ್ಲಿ ಸೌತೆ ಎರಡು ಕಡೆ ಬರುತ್ತದೆ. ಸಾಸ್‌ನೊಳಗೆ ಸಿಹಿ ರೆಲಿಶ್ ಆಗಿ, ಪ್ಯಾಟಿಯ ಕೆಳಗೆ ಹುಳಿ ಬಿಲ್ಲೆಯಾಗಿ. ಈ ಎರಡೂ ಇಲ್ಲದಿದ್ದರೆ ಮೇಯನೇಸ್, ಚೀಸ್, ಮಾಂಸ ಮೂರರ ಜಿಡ್ಡು ಸೇರಿ ನಾಲ್ಕನೇ ತುತ್ತಿಗೇ ಸಾಕಾಗುತ್ತದೆ.

ಈ ಉಪ್ಪುನೀರಿನ ಮಿಡಿಸೌತೆ, ಅಂದರೆ ಗರ್ಕಿನ್, ಕರ್ನಾಟಕದವರಿಗೆ ಹೊಸದಲ್ಲ. ಭಾರತದಲ್ಲಿ ಇದರ ಬೇಸಾಯ 1990ರ ದಶಕದ ಶುರುವಿನಲ್ಲಿ ಮೊದಲಾದದ್ದೇ ಕರ್ನಾಟಕದಲ್ಲಿ. ಆಮೇಲೆ ತಮಿಳುನಾಡು, ಆಂಧ್ರಕ್ಕೆ ಹಬ್ಬಿತು. ಕಂಪನಿಗಳು ಬೀಜ ಕೊಟ್ಟು, ಬೆಲೆ ಮೊದಲೇ ಮಾತಾಡಿ, ರೈತರಿಂದ ಬೆಳೆಸಿ, ಬೆರಳುದ್ದದ ಮಿಡಿಯನ್ನು ವಿನೆಗರ್ ಅಥವಾ ಉಪ್ಪುನೀರಿನಲ್ಲಿ ಹಾಕಿ ಡ್ರಮ್‌ಗಟ್ಟಲೆ ಹಡಗು ಹತ್ತಿಸುತ್ತವೆ. ಬೆಳೆದವರ ಊಟದಲ್ಲಿ ಇದಕ್ಕೆ ಜಾಗವೇ ಇಲ್ಲ ಅನ್ನಬಹುದು. ಅಮೆರಿಕ, ಯುರೋಪಿನ ಸೂಪರ್ ಮಾರ್ಕೆಟ್‌ನಲ್ಲಿ ಬಾಟಲಿ ತಿರುಗಿಸಿ ನೋಡಿ. ಇಂಡಿಯಾದ್ದು ಅಂತ ಬರೆದಿರುವುದು ಆಗಾಗ ಕಣ್ಣಿಗೆ ಬೀಳುತ್ತದೆ.

ಬಿಲ್ಲೆಗೆ ಡಿಲ್, ಅಂದರೆ ಸಬ್ಬಸಿಗೆ, ಹಾಕಿದ ಹುಳಿ ಗರ್ಕಿನ್ ತನ್ನಿ, ಸಿಹಿಯದ್ದಲ್ಲ. ಒಂದು ಬರ್ಗರ್‌ಗೆ ಎರಡೇ ಬಿಲ್ಲೆ. ಎರಡು ರೂಪಾಯಿ ನಾಣ್ಯದ ದಪ್ಪಕ್ಕಿಂತ ಸ್ವಲ್ಪ ಜಾಸ್ತಿ ಇರಲಿ.

ರೆಲಿಶ್ ಊರಿನಲ್ಲಿ ಸಿಗುವುದು ಕಷ್ಟ. ಮನೆಯಲ್ಲೇ ಮಾಡಿಕೊಳ್ಳಿ. ಒಂದು ಎಳೆ ಸೌತೆಕಾಯಿಯನ್ನು ಬೀಜ ತೆಗೆದು, ಕೋಸಂಬರಿಗೆ ಹೆಚ್ಚುವುದಕ್ಕಿಂತ ಸಣ್ಣಗೆ ಹೆಚ್ಚಿ. ಅರ್ಧ ಚಮಚ ಉಪ್ಪು ಬೆರೆಸಿ ಅರ್ಧ ಗಂಟೆ ಬಿಟ್ಟು ನೀರು ಹಿಂಡಿ. ಎರಡು ಚಮಚ ಸಕ್ಕರೆ, ಮೂರು ಚಮಚ ವಿನೆಗರ್ ಹಾಕಿ ಸಣ್ಣ ಉರಿಯಲ್ಲಿ ಐದಾರು ನಿಮಿಷ ಕುದಿಸಿ ಆರಿಸಿ. ಹಿಂಡುವುದನ್ನು ಬಿಟ್ಟರೆ ಸಾಸ್ ನೀರಾಗುತ್ತದೆ, ಆಮೇಲೆ ಸರಿ ಮಾಡಲು ಬರುವುದಿಲ್ಲ.

ಹಂತ 3: ಈರುಳ್ಳಿ, ಲೆಟ್ಯೂಸ್

ಬಿಗ್ ಮ್ಯಾಕ್‌ನ ಈರುಳ್ಳಿ ಹಸಿ ಈರುಳ್ಳಿಯಲ್ಲ. ಒಣಗಿಸಿದ ಸಣ್ಣ ಚೂರುಗಳನ್ನು ಅಂಗಡಿಯಲ್ಲಿ ನೀರಿನಲ್ಲಿ ನೆನೆಸಿ ಬಳಸುತ್ತಾರೆ. ಹಾಗಾಗಿ ಅದರಲ್ಲಿ ಘಾಟಿಲ್ಲ, ಕಣ್ಣೀರಿಲ್ಲ, ಸ್ವಲ್ಪ ಸಿಹಿ ಮಾತ್ರ ಇರುತ್ತದೆ. ನಿಮಗೂ ಒಣ ಈರುಳ್ಳಿ ಚೂರು ಸಿಕ್ಕರೆ ಎರಡು ದೊಡ್ಡ ಚಮಚವನ್ನು ಅರ್ಧ ಕಪ್ ತಣ್ಣೀರಿನಲ್ಲಿ ಒಂದು ಗಂಟೆ ಫ್ರಿಜ್‌ನಲ್ಲಿ ನೆನೆಸಿ, ಚೆನ್ನಾಗಿ ಸೋಸಿ. ಸಿಗದಿದ್ದರೆ ಒಂದು ಸಣ್ಣ ಈರುಳ್ಳಿಯನ್ನು ಹೆಸರುಬೇಳೆ ಗಾತ್ರಕ್ಕೆ ಕೊಚ್ಚಿ. ತಣ್ಣೀರಿನಲ್ಲಿ ಮೂರು ಸಲ ತೊಳೆದು ಬಟ್ಟೆಯಲ್ಲಿ ಹಿಂಡಿ. ಘಾಟು ನೀರಿನ ಜೊತೆ ಹೋಗುತ್ತದೆ. ದೊಡ್ಡ ಉಂಗುರಗಳಾಗಿ ಕತ್ತರಿಸಿ ಇಡಬೇಡಿ. ಒಂದು ತುತ್ತಿಗೆ ಇಡೀ ಉಂಗುರವೇ ಎಳೆದುಕೊಂಡು ಬರುತ್ತದೆ.

ಲೆಟ್ಯೂಸ್ ಐಸ್‌ಬರ್ಗ್ ಆಗಿರಲಿ. ಅದಕ್ಕೆ ರುಚಿ ಇಲ್ಲ ಅಂತ ದೂರುವವರ ಮಾತು ನಿಜವೇ. ಹೆಚ್ಚೂಕಡಿಮೆ ಪೂರ್ತಿ ನೀರು ಅದು. ಆದರೆ ಮೆತ್ತನೆ ಬನ್, ಮೆತ್ತನೆ ಮಾಂಸ, ಮೆತ್ತನೆ ಚೀಸ್ ನಡುವೆ ಕರುಂ ಅನ್ನುವ ಒಂದೇ ವಸ್ತು ಇದು. ಎಲೆಕೋಸನ್ನು ಪಲ್ಯಕ್ಕೆ ಹೆಚ್ಚುವ ಹಾಗೆ ಎಳೆಎಳೆಯಾಗಿ ಹೆಚ್ಚಿ. ತೊಳೆದರೆ ಬಟ್ಟೆಯ ಮೇಲೆ ಹರಡಿ ಪೂರ್ತಿ ಒಣಗಿಸಿ. ಒದ್ದೆ ಲೆಟ್ಯೂಸ್ ಮೇಲೆ ಸಾಸ್ ನಿಲ್ಲುವುದಿಲ್ಲ.

ಹಂತ 4: ಬನ್

ಎಳ್ಳು ಹಚ್ಚಿದ, ಸುಮಾರು ಹತ್ತು ಸೆಂಟಿಮೀಟರ್ ಅಗಲದ ಮಾಮೂಲಿ ಬರ್ಗರ್ ಬನ್ ಸಾಕು. ಒತ್ತಿದರೆ ತಗ್ಗಿ ಮೆಲ್ಲಗೆ ಮೇಲೇಳಬೇಕು. ಗಟ್ಟಿ ಹೊಟ್ಟಿನ ಬನ್ ಆದರೆ ಕಚ್ಚುವಾಗ ಒಳಗಿನದ್ದೆಲ್ಲ ಹಿಂದಕ್ಕೆ ನೂಕಿಬಿಡುತ್ತದೆ. ಬೆಂಗಳೂರಿನ ಬೇಕರಿಯಲ್ಲಿ ಕೊಳ್ಳುವವರು ಸಾದಾ ಬನ್ ಕೇಳಿ. ಖಾರಾ ಬನ್ ನನಗೆ ಪ್ರಾಣ, ಆದರೆ ಇಲ್ಲಿ ಬೇಡ.

ಮೆಕ್‌ಡೊನಾಲ್ಡ್ಸ್ ಅಂಗಡಿಯವರ ಭಾಷೆಯಲ್ಲಿ ತಳದ ತುಂಡು ಹೀಲ್, ನಡುವಿನದು ಕ್ಲಬ್, ಎಳ್ಳಿನ ತಲೆ ಕ್ರೌನ್. ಕ್ಲಬ್ ನಮಗೆ ಬಿಡಿಯಾಗಿ ಸಿಗುವುದಿಲ್ಲ. ಅದಕ್ಕೆ ನಾಲ್ಕು ಬರ್ಗರ್‌ಗೆ ಎಂಟು ಬನ್ ಬೇಕು. ನಾಲ್ಕು ಬನ್‌ಗಳಿಂದ ತಲೆ ಮತ್ತು ತಳ. ಉಳಿದ ನಾಲ್ಕರ ತಳವನ್ನು ತೆಗೆದುಕೊಂಡು, ಅದರ ಅಡಿಯ ಕಂದು ಹೊಟ್ಟನ್ನು ಹಲ್ಲಿನ ಚಾಕುವಿನಿಂದ ತೆಳ್ಳಗೆ ಸವರಿ ತೆಗೆಯಿರಿ. ಎರಡೂ ಕಡೆ ಬಿಳಿ ಕಾಣುವ ಒಂದೂವರೆ ಸೆಂಟಿಮೀಟರ್ ದಪ್ಪದ ಬಿಲ್ಲೆ ಸಿಗುತ್ತದೆ. ಅದೇ ಕ್ಲಬ್.

ಕಾವಲಿ ಬಿಸಿ ಮಾಡಿ, ಎಣ್ಣೆ ಬೆಣ್ಣೆ ಏನೂ ಹಾಕದೆ, ಕತ್ತರಿಸಿದ ಮುಖ ಕೆಳಗೆ ಮಾಡಿ ಸುಡಿ. ಕ್ಲಬ್ ಎರಡೂ ಕಡೆ. ಹೊಂಬಣ್ಣ ಬಂದರೆ ಸಾಕು. ಸುಟ್ಟ ಮುಖ ಒಂದು ತೆಳು ಗೋಡೆಯ ಹಾಗೆ ನಿಂತು ಸಾಸ್ ಬೇಗ ಇಳಿಯದಂತೆ ತಡೆಯುತ್ತದೆ. ಈ ಕೆಲಸ ಪ್ಯಾಟಿಗಿಂತ ಮೊದಲೇ ಮುಗಿಸಿ. ಪ್ಯಾಟಿ ಬೆಂದ ಮೇಲೆ ಬನ್ನಿಗಾಗಿ ಕಾಯುವ ಹಾಗಿಲ್ಲ.

ಹಂತ 5: ಪ್ಯಾಟಿ

ಬಿಗ್ ಮ್ಯಾಕ್‌ನ ಪ್ಯಾಟಿಗೆ ಅಲ್ಲಿನ ಅಡುಗೆಮನೆಯಲ್ಲಿ ಟೆನ್ ಟು ಒನ್ ಅನ್ನುತ್ತಾರೆ. ಒಂದು ಪೌಂಡ್ ಮಾಂಸಕ್ಕೆ ಹತ್ತು ಪ್ಯಾಟಿ. ಅಂದರೆ ಹಸಿ ಇದ್ದಾಗ ಒಂದಕ್ಕೆ ಸುಮಾರು 45 ಗ್ರಾಂ. ಇಷ್ಟು ಕಡಿಮೆಯೇ ಅಂತ ನಾನು ತಕ್ಕಡಿಯನ್ನೇ ಅನುಮಾನಿಸಿದ್ದೆ. ಎಂಟು ಪ್ಯಾಟಿಗೆ 360 ಗ್ರಾಂ ಕೀಮಾ ಸಾಕು. ನೂರರಲ್ಲಿ ಇಪ್ಪತ್ತು ಭಾಗ ಕೊಬ್ಬಿರಲಿ. ಕೊಬ್ಬು ಕಡಿಮೆಯಾದರೆ ಇಷ್ಟು ತೆಳುವಿನಲ್ಲಿ ಒಣಗಿ ರಟ್ಟಾಗುತ್ತದೆ.

ಕೀಮಾಕ್ಕೆ ಏನೂ ಬೆರೆಸಬೇಡಿ. ಮೊಟ್ಟೆ, ಬ್ರೆಡ್ ಪುಡಿ, ಈರುಳ್ಳಿ, ಗರಂ ಮಸಾಲೆ ಬೇಡ. ಉಪ್ಪು ಕೂಡ ಬೇಡ. ಇದು ನಮ್ಮ ಕೈಗೆ ಬಹಳ ಕಷ್ಟದ ಮಾತು, ಗೊತ್ತು. ಆದರೆ ಉಪ್ಪು ಮೊದಲೇ ಸೇರಿದರೆ ಮಾಂಸದ ಪ್ರೋಟೀನ್ ಕರಗಿ ಅಂಟಾಗುತ್ತದೆ. ಬೆಂದಾಗ ಸಾಸೇಜಿನ ಹಾಗೆ ರಬ್ಬರ್ ರಬ್ಬರ್. ನಮಗೆ ಬೇಕಾದದ್ದು ಬಾಯಲ್ಲಿ ಉದುರುವ ಪ್ಯಾಟಿ. ಉಪ್ಪು ಮೆಣಸು ಕಾವಲಿಯ ಮೇಲೆ.

45 ಗ್ರಾಂ ಉಂಡೆಯನ್ನು ಎರಡು ಬಟರ್ ಪೇಪರ್ ನಡುವೆ ಇಟ್ಟು ಚಪ್ಪಟೆ ತಟ್ಟೆಯಿಂದ ಒತ್ತಿ. ಹೋಳಿಗೆ ತಟ್ಟಿದ ಕೈಗೆ ಇದೇನೂ ಹೇಳಿಕೊಡಬೇಕಿಲ್ಲ. ಅಗಲ ಬನ್ನಿಗಿಂತ ಒಂದು ಸೆಂಟಿಮೀಟರ್ ಜಾಸ್ತಿ, ಅಂದರೆ ಹನ್ನೊಂದು ಸೆಂಟಿಮೀಟರ್. ದಪ್ಪ ಅರ್ಧ ಸೆಂಟಿಮೀಟರ್‌ಗಿಂತ ಕಡಿಮೆ. ಬೇಯುವಾಗ ಕುಗ್ಗಿ ಬನ್ನಿಗೆ ಸರಿಯಾಗುತ್ತದೆ. ಪೇಪರ್ ಸಮೇತ ಅರ್ಧ ಮುಕ್ಕಾಲು ಗಂಟೆ ಫ್ರೀಜರ್‌ನಲ್ಲಿಡಿ. ಗಟ್ಟಿಯಾದರೆ ಹರಿಯದೆ ಎತ್ತಬಹುದು.

ಬೀಡಿನ ದೋಸೆ ಕಾವಲಿ ಇದಕ್ಕೆ ತುಂಬಾ ಚೆನ್ನ. ನೀರು ಚಿಮುಕಿಸಿದರೆ ಹನಿಗಳು ಮಣಿಗಳಾಗಿ ಓಡಬೇಕು, ಅಷ್ಟು ಕಾಯಲಿ. ಪ್ಯಾಟಿ ಹಾಕಿದ ಕೂಡಲೇ ಚಪ್ಪಟೆ ಸಟ್ಟುಗದಿಂದ ಹತ್ತು ಸೆಕೆಂಡ್ ಗಟ್ಟಿಯಾಗಿ ಒತ್ತಿ. ಇಡೀ ಮೈ ಕಾವಲಿಗೆ ತಾಕಿದರೆ ಮಾತ್ರ ಕಂದು ಬಣ್ಣ, ಹುರಿದ ರುಚಿ ಬರುತ್ತದೆ. ಆಮೇಲೆ ಒತ್ತಬೇಡಿ, ರಸ ಹೋಗುತ್ತದೆ. ಒಂದೂವರೆ ನಿಮಿಷಕ್ಕೆ ತಿರುವಿ ಹಾಕಿ, ಮೇಲೆ ಉಪ್ಪು ಕರಿಮೆಣಸಿನ ಪುಡಿ ಉದುರಿಸಿ. ಇನ್ನೊಂದು ನಿಮಿಷ. ಕೀಮಾ ಮಾಡಿದ ಬೀಫ್ ಒಳಗೆ 71 ಡಿಗ್ರಿ ಸೆಲ್ಸಿಯಸ್ ಮುಟ್ಟಬೇಕು. ಇಷ್ಟು ತೆಳುವಿನಲ್ಲಿ ಅದು ಬೇಗನೆ ಆಗುತ್ತದೆ, ಆದರೂ ನಡುವೆ ಕೆಂಪು ಕಾಣಬಾರದು. ಸ್ಟೇಕ್ ಹಾಗೆ ಅರೆಬೆಂದದ್ದು ಇಲ್ಲಿ ನಡೆಯುವುದಿಲ್ಲ. ಕೀಮಾದಲ್ಲಿ ಹೊರಗಿನ ಕೀಟಾಣು ಒಳಗೂ ಸೇರಿರುತ್ತದೆ.

ಒಂದೇ ಕಾವಲಿಯಲ್ಲಿ ಮೂರಕ್ಕಿಂತ ಜಾಸ್ತಿ ತುಂಬಬೇಡಿ. ಶಾಖ ಇಳಿದು ಮಾಂಸ ನೀರು ಬಿಟ್ಟು ಬೇಯತೊಡಗುತ್ತದೆ, ಹುರಿಯುವುದಿಲ್ಲ.

ಚೀಸ್ ಬಗ್ಗೆ ಎರಡು ಮಾತು

ಪ್ಲಾಸ್ಟಿಕ್ ಸುತ್ತಿದ ಸಾಮಾನ್ಯ ಪ್ರೊಸೆಸ್ಡ್ ಸ್ಲೈಸ್ ತನ್ನಿ. ಬರ್ಗರ್‌ಗೆ ಒಂದೇ. ನನ್ನ ಹಳೆಯ ಚೆಡ್ಡರ್ ಬಿಸಿಗೆ ಎಣ್ಣೆ ಬಿಟ್ಟುಕೊಂಡು ಗಂಟುಗಂಟಾಗಿತ್ತು. ಪ್ರೊಸೆಸ್ಡ್ ಚೀಸ್‌ನಲ್ಲಿ ಸೋಡಿಯಂ ಸಿಟ್ರೇಟ್‌ನಂಥ ಲವಣ ಇರುತ್ತದೆ. ಅದು ಕೊಬ್ಬು, ನೀರು ಬೇರೆಯಾಗದಂತೆ ಹಿಡಿದಿಡುತ್ತದೆ, ಹಾಗಾಗಿ ಚೀಸ್ ನುಣ್ಣಗೆ ಕರಗುತ್ತದೆ. ಫ್ರಿಜ್‌ನಿಂದ ಹದಿನೈದು ನಿಮಿಷ ಮೊದಲೇ ತೆಗೆದಿಡಿ. ತಣ್ಣಗಿದ್ದರೆ ತೆಳು ಪ್ಯಾಟಿಯ ಬಿಸಿಗೆ ಕರಗುವುದಿಲ್ಲ.

ಹಂತ 6: ಜೋಡಣೆ

ಎಲ್ಲ ಬಟ್ಟಲುಗಳನ್ನೂ ಸಾಲಾಗಿ ಇಟ್ಟುಕೊಳ್ಳಿ. ಪ್ಯಾಟಿ ಬೇಯುತ್ತಿರುವಾಗಲೇ ಬನ್‌ಗಳ ಮೇಲೆ ಕೆಲಸ ಶುರು. ತಳ ಮತ್ತು ಕ್ಲಬ್ ಅಕ್ಕಪಕ್ಕ ಇರಲಿ, ಒಂದರ ಮೇಲೊಂದು ಅಲ್ಲ. ಎರಡನ್ನೂ ಬೇರೆ ಬೇರೆ ಕಟ್ಟಿ ಕೊನೆಗೆ ಸೇರಿಸುವುದು.

ಎರಡರ ಮೇಲೂ ತಲಾ ಎರಡು ಟೀ ಚಮಚ ಸಾಸ್ ಅಂಚಿನವರೆಗೆ ಸವರಿ. ಎರಡರ ಮೇಲೂ ಅರ್ಧ ಚಮಚ ಈರುಳ್ಳಿ ಉದುರಿಸಿ, ಸಾಸ್‌ಗೆ ಅಂಟಿ ಕೂರುತ್ತದೆ. ಎರಡರ ಮೇಲೂ ಒಂದು ಹಿಡಿ ಲೆಟ್ಯೂಸ್. ಇಲ್ಲಿಂದ ದಾರಿ ಬೇರೆ. ತಳದ ತುಂಡಿಗೆ ಚೀಸ್, ಕ್ಲಬ್‌ಗೆ ಎರಡು ಸೌತೆ ಬಿಲ್ಲೆ. ಬಿಲ್ಲೆಗಳು ಅಕ್ಕಪಕ್ಕ ಇರಲಿ, ಒಂದರ ಮೇಲೊಂದು ಏರಿದರೆ ಒಂದೇ ತುತ್ತಿಗೆ ಎರಡೂ ಹೋಗಿ ಉಳಿದ ಬರ್ಗರ್ ಸಪ್ಪೆ. ಈಗ ಕಾವಲಿಯಿಂದ ನೇರವಾಗಿ ಒಂದೊಂದು ಪ್ಯಾಟಿ. ಕ್ಲಬ್ ಎತ್ತಿ ತಳದ ಪ್ಯಾಟಿಯ ಮೇಲಿಡಿ. ಎಳ್ಳಿನ ತಲೆ ಮುಚ್ಚಿ.

ಮಾಂಸ ಕೆಳಗೆ, ಸೊಪ್ಪು ಮೇಲೆ ಇಡುವುದು ನಮಗೆ ರೂಢಿ. ಇಲ್ಲಿ ಉಲ್ಟಾ. ಸೊಪ್ಪೆಲ್ಲ ಕೆಳಗೆ, ಪ್ಯಾಟಿ ಮೇಲೆ. ಇದರಿಂದ ಚೀಸ್‌ಗೆ ಪ್ಯಾಟಿಯ ಭಾರ, ಬಿಸಿ ಎರಡೂ ಸಿಗುತ್ತದೆ. ಪ್ಯಾಟಿಯ ರಸ ಬನ್ನಿಗೆ ಇಳಿಯದೆ ಲೆಟ್ಯೂಸ್ ಎಳೆಗಳಲ್ಲಿ ನಿಲ್ಲುತ್ತದೆ. ನಾಲಿಗೆ ಕೆಳಗಿರುವುದರಿಂದ ಮೊದಲು ತಾಕುವುದು ಸಾಸ್. ಈ ಕೊನೆಯದು ನನ್ನ ಲೆಕ್ಕಾಚಾರ ಅಷ್ಟೇ, ಒಪ್ಪದಿದ್ದರೆ ಜಗಳವಿಲ್ಲ.

ಆಮೇಲೆ ಒಂದು ಹಂತವನ್ನು ಎಲ್ಲರೂ ಬಿಡುತ್ತಾರೆ. ಬರ್ಗರ್ ಅನ್ನು ಬಟರ್ ಪೇಪರ್‌ನಲ್ಲಿ ಬಿಗಿಯಾಗಿ ಸುತ್ತಿ ಮೂರು ನಿಮಿಷ ಇಡಿ. ಅಂಗಡಿಯ ಪೆಟ್ಟಿಗೆಯಲ್ಲಿ ಆಗುವುದು ಇದೇ. ಒಳಗಿನ ಆವಿಗೆ ತಲೆಬನ್ ಮೆತ್ತಗಾಗುತ್ತದೆ, ಚೀಸ್ ಇಳಿಯುತ್ತದೆ, ಎಲ್ಲ ಪದರವೂ ಒಂದಕ್ಕೊಂದು ಒತ್ತಿ ಕೂರುತ್ತದೆ. ಸುತ್ತದೆ ತಿಂದರೆ ಏಳು ಸಾಮಾನು ತಿಂದ ಹಾಗಿರುತ್ತದೆ. ಐದು ನಿಮಿಷ ದಾಟಿಸಬೇಡಿ, ಲೆಟ್ಯೂಸ್ ಬಾಡುತ್ತದೆ.

ಬೀಫ್ ತಿನ್ನದವರಿಗೆ

1996ರಲ್ಲಿ ಮೆಕ್‌ಡೊನಾಲ್ಡ್ಸ್ ಭಾರತಕ್ಕೆ ಬಂದಾಗ ಬೀಫ್, ಹಂದಿ ಎರಡನ್ನೂ ಬಿಟ್ಟೇ ಬಂತು. ಬಿಗ್ ಮ್ಯಾಕ್ ಜಾಗದಲ್ಲಿ ಮಹಾರಾಜಾ ಮ್ಯಾಕ್ ಬಂತು. ಮೊದಲು ಕುರಿ ಮಾಂಸದ್ದು, ಆಮೇಲೆ ಚಿಕನ್‌ದು. ನಂತರ ಸಸ್ಯಾಹಾರಿಗಳಿಗೂ ಒಂದು ಬಂತು. ದೇಶದೇಶಗಳ ಹಣದ ಬೆಲೆ ಅಳೆಯಲು ದಿ ಎಕನಾಮಿಸ್ಟ್ ಪತ್ರಿಕೆ 1986ರಿಂದ ನಡೆಸುವ ಬಿಗ್ ಮ್ಯಾಕ್ ಸೂಚ್ಯಂಕದಲ್ಲಿ ಭಾರತದ ಲೆಕ್ಕಕ್ಕೆ ಮಹಾರಾಜಾ ಮ್ಯಾಕ್ ಬೆಲೆಯನ್ನೇ ಹಿಡಿದಿದ್ದಾರೆ.

ಮನೆಯಲ್ಲಿ ಮಾಡುವವರಿಗೆ ನನ್ನ ಮೊದಲ ಆಯ್ಕೆ ಕುರಿ. ಕೊಬ್ಬು ಸಮೇತ ಎರಡು ಸಲ ಕೀಮಾ ಮಾಡಿ ಕೊಡಿ ಅಂತ ಕೇಳಿ. ಉಳಿದದ್ದೆಲ್ಲ ಬೀಫ್ ಹಾಗೆಯೇ. ಚಿಕನ್ ಆದರೆ ಎದೆ ಬೇಡ, ತೊಡೆಯ ಮಾಂಸ. 360 ಗ್ರಾಂಗೆ ಒಂದು ದೊಡ್ಡ ಚಮಚ ತಣ್ಣನೆ ಬೆಣ್ಣೆ ತುರಿದು ಬೆರೆಸಿ. ಚಿಕನ್ ಕೀಮಾ ಕೈಗೆ ಅಂಟುತ್ತದೆ, ಹಾಗಾಗಿ ಫ್ರೀಜರ್ ಹಂತ ಬಿಡಲೇಬಾರದು. ಕಾವಲಿಗೆ ಒಂದು ಚಮಚ ಎಣ್ಣೆ ಹಾಕಿ. ಒಳಗೆ 74 ಡಿಗ್ರಿ ಮುಟ್ಟಬೇಕು, ಆದ್ದರಿಂದ ಪ್ರತಿ ಬದಿಗೂ ಅರ್ಧ ನಿಮಿಷ ಜಾಸ್ತಿ.

ಸಸ್ಯಾಹಾರಿಗಳಿಗೆ ಆಲೂಗಡ್ಡೆ ಪ್ಯಾಟಿ ನಾನು ಹೇಳುವುದಿಲ್ಲ. ಬನ್ನೂ ಮೆತ್ತಗೆ, ಆಲೂ ಕೂಡ ಮೆತ್ತಗೆ, ಅದರ ಮೇಲೆ ಮೂರು ತುಂಡು ಬನ್ ಬೇರೆ. ಪೂರ್ತಿ ಹಿಟ್ಟು ತಿಂದ ಹಾಗೆ. ಬೇಯಿಸಿದ ರಾಜ್ಮಾ ಒಂದೂವರೆ ಕಪ್ ತೆಗೆದುಕೊಂಡು ನೀರು ಬಸಿದು, ಹತ್ತು ನಿಮಿಷ ಬಾಣಲೆಯಲ್ಲಿ ಒಣಗಿಸಿ, ಒರಟಾಗಿ ಜಜ್ಜಿ. ಹುರಿದು ಪುಡಿ ಮಾಡಿದ ಓಟ್ಸ್ ಅರ್ಧ ಕಪ್, ಹುರಿದ ಅಣಬೆ ಒಂದು ಹಿಡಿ, ಉಪ್ಪು, ಕರಿಮೆಣಸು ಸೇರಿಸಿ. ಇಲ್ಲಿ ಉಪ್ಪು ಮೊದಲೇ ಹಾಕಬೇಕು. ತೆಳ್ಳಗೆ ತಟ್ಟಿ ಎಣ್ಣೆಯಲ್ಲಿ ಅಂಚು ಗರಿಯಾಗುವಷ್ಟು ಕಾಯಿಸಿ. ಮೊಟ್ಟೆಯಿಲ್ಲದ ಮೇಯನೇಸ್‌ನಿಂದಲೂ ಸಾಸ್ ಚೆನ್ನಾಗಿ ಬರುತ್ತದೆ. ನೆಂಟರಿಗೆ ಮಾಡುವಾಗ ಒಂದು ಕೇಳಿಕೊಳ್ಳಿ: ಎಳ್ಳು, ಸಾಸಿವೆ, ಮೊಟ್ಟೆ, ಹಾಲು, ಗೋಧಿ, ಈ ಐದರಲ್ಲಿ ಯಾವುದಾದರೂ ಅವರಿಗೆ ಅಲರ್ಜಿ ಇದೆಯೇ ಅಂತ. ಐದೂ ಇದರಲ್ಲಿವೆ.

ಉಳಿದದ್ದು

ಸಾಸ್ ಅರ್ಧದಷ್ಟು ಉಳಿಯುತ್ತದೆ. ಫ್ರಿಜ್‌ನಲ್ಲಿ ನಾಲ್ಕೈದು ದಿನ ಇಡಬಹುದು. ಹುರಿದ ಆಲೂಗಡ್ಡೆಗೆ ಸರಿಯಾದ ಜೋಡಿ. ಕ್ಲಬ್ ಮಾಡಲು ತಳ ಕಿತ್ತ ನಾಲ್ಕು ಬನ್‌ಗಳ ಎಳ್ಳಿನ ತಲೆಗಳೂ ಉಳಿದಿರುತ್ತವೆ ಅಲ್ವಾ? ಮರುದಿನ ಬೆಳಿಗ್ಗೆ ಅದೇ ಕಾವಲಿಯಲ್ಲಿ ತುಪ್ಪ ಸವರಿ ಬಿಸಿ ಮಾಡಿ. ನಮ್ಮ ಮನೆಯಲ್ಲಿ ಕಾಫಿ ಇಳಿಯುವುದರೊಳಗೆ ಖಾಲಿ.